ಬೆಲ್ಲದವರು, ಹೆಗಡೆಯವರು ಮತ್ತು ತಿಪ್ಪಣ್ಣನ ಮೊಮ್ಮಗ: ಹೆಸರುಗಳ ಕುರಿತು ಓದುಗರ ಪ್ರಶ್ನೆಗಳು

ಹೆಸರು ಮತ್ತು ಅಡ್ಡಹೆಸರುಗಳ ಮೂಲವನ್ನು ಕುರಿತು ಬಂದ ಪತ್ರಗಳಲ್ಲಿ ಏಳನ್ನು ಈ ಸಂಚಿಕೆಗೆ ಆರಿಸಿಕೊಂಡಿದ್ದೇವೆ. ಹೆಸರಿನ ಬಗ್ಗೆಯೇ ಕೇಳಿದ ಹಲವರು ತಮ್ಮ ಹೆಸರನ್ನು ಮಾತ್ರ ಅಚ್ಚು ಹಾಕಬೇಡಿ ಎಂದು ಬರೆದಿರುವುದರಿಂದ ಎಲ್ಲರನ್ನೂ ಊರಿನಿಂದಲೇ ಗುರುತಿಸಿದ್ದೇವೆ. ಹಳೇ ಮೈಸೂರಿನ ಕಡೆಯವರಿಗೆ ಇದು ಹೊಸದೇನೂ ಅಲ್ಲ.

ಪ್ರಶ್ನೆ (ಹುಬ್ಬಳ್ಳಿ): ನಮ್ಮ ಅಡ್ಡಹೆಸರು ಮೆಣಸಿನಕಾಯಿ. ಬೆಂಗಳೂರಿನ ಕಚೇರಿಯಲ್ಲಿ ಯಾರಾದರೂ ಪೂರ್ತಿ ಹೆಸರು ಕೂಗಿದರೆ ಸುತ್ತಲಿನವರು ನಗುತ್ತಾರೆ. ನಮ್ಮ ಬೀಗರು ಉಳ್ಳಾಗಡ್ಡಿಯವರು, ಸೋದರಮಾವನ ಮನೆಯವರು ಬೆಲ್ಲದ. ಇಂಥ ಹೆಸರುಗಳು ಹೇಗೆ ಬಂದವು, ಎಷ್ಟು ಹಳೆಯವು?

ಉತ್ತರ: ಸೋದರಮಾವನ ಮನೆಯಿಂದಲೇ ಆರಂಭಿಸೋಣ, ಏಕೆಂದರೆ ಈ ಹೆಸರುಗಳ ಗುಟ್ಟೆಲ್ಲ ಆ ಹೆಸರಿನ ಕೊನೆಯ ಅಕ್ಷರದಲ್ಲಿದೆ. ಅವರ ಹೆಸರು 'ಬೆಲ್ಲ' ಅಲ್ಲ, 'ಬೆಲ್ಲದ'. ಅಂದರೆ ಷಷ್ಠೀ ವಿಭಕ್ತಿಯಲ್ಲಿ ಅರ್ಧಕ್ಕೇ ನಿಂತ ಮಾತು. ಒಂದೇ ಊರಿನಲ್ಲಿ ಹತ್ತು ಮಂದಿ ಮಲ್ಲಪ್ಪಗಳಿದ್ದಾಗ, ಬೆಲ್ಲದ ವ್ಯಾಪಾರ ಮಾಡುವ ಮನೆಯ ಮಲ್ಲಪ್ಪನನ್ನು ಜನ 'ಬೆಲ್ಲದವರ ಮಲ್ಲಪ್ಪ' ಎಂದು ಕರೆದರು. ಮುಂದೆ ಅದೇ ಮಾತು ಶಾಲೆಯ ದಾಖಲೆಗೂ ಜಮೀನಿನ ಕಾಗದಕ್ಕೂ ಏರುವಾಗ ಬಾಲ ಕಳೆದುಕೊಂಡು 'ಮಲ್ಲಪ್ಪ ಬೆಲ್ಲದ' ಎಂದಾಯಿತು. ತುಪ್ಪದ, ಜೋಳದ, ಉಪ್ಪಿನ ಎಂಬ ಹೆಸರುಗಳೂ ಹೀಗೆಯೇ ಬಂದವು. ಇಂದಿಗೂ ಧಾರವಾಡ, ಗದಗಿನ ಹಳ್ಳಿಗಳಲ್ಲಿ ಮಾತಿನಲ್ಲಿ ಆ 'ಅವರ' ಉಳಿದಿದೆ, ಕಾಗದದಲ್ಲಿ ಮಾತ್ರ ಇಲ್ಲ. ಮೆಣಸಿನಕಾಯಿ, ಉಳ್ಳಾಗಡ್ಡಿ, ಅಕ್ಕಿ ಮುಂತಾದವು ವಿಭಕ್ತಿಯ ಗೊಡವೆಗೂ ಹೋಗದೆ ಸರಕಿನ ಹೆಸರನ್ನೇ ಮನೆತನಕ್ಕೆ ಅಂಟಿಸಿಕೊಂಡಿವೆ. ಸರಕಿನ ಬದಲು ಕಸುಬೇ ಹೆಸರಾದಾಗ ಹೂಗಾರ, ಬಡಿಗೇರ, ಗಾಣಿಗೇರ, ಪತ್ತಾರ, ಕಂಬಾರ ಎಂಬ ಹೆಸರುಗಳು ಬರುತ್ತವೆ.

ಇನ್ನು ಕಾಲದ ಪ್ರಶ್ನೆ. ಕುತೂಹಲದ ಸಂಗತಿಯೆಂದರೆ ತಮ್ಮ ಹೆಸರು ತನ್ನ ವಯಸ್ಸಿನ ಮೇಲ್ಮಿತಿಯನ್ನು ತಾನೇ ಹೇಳಿಬಿಡುತ್ತದೆ. ಮೆಣಸಿನಕಾಯಿ ಈ ನೆಲದ ಗಿಡವಲ್ಲ. ಅಮೆರಿಕ ಖಂಡದ ಆ ಬೆಳೆ ಪೋರ್ಚುಗೀಸರೊಡನೆ 16ನೇ ಶತಮಾನದಲ್ಲಿ ನಮ್ಮ ಕರಾವಳಿಗೆ ಬಂದಿತು. ಅದಕ್ಕೆ ಮುಂಚೆ ಕನ್ನಡದಲ್ಲಿ ಮೆಣಸು ಎಂದರೆ ಕಪ್ಪು ಮೆಣಸಿನ ಕಾಳು ಮಾತ್ರ. ಹೊಸ ಬೆಳೆ ಅದರಂತೆಯೇ ಖಾರವಾಗಿದ್ದುದರಿಂದ, ಆದರೆ ಕಾಳಾಗಿರದೆ ಕಾಯಿಯಾಗಿದ್ದುದರಿಂದ, ಹಳೆಯ ಪದಕ್ಕೇ ಒಂದು ಕಾಯಿ ಸೇರಿಸಿ ಜನ ಕೆಲಸ ಮುಗಿಸಿದರು. ಆದ್ದರಿಂದ ತಮ್ಮ ಮನೆತನ ಎಷ್ಟೇ ಹಳೆಯದಿರಲಿ, ಈ ಹೆಸರು ಅದಕ್ಕಿಂತ ಹಿಂದಿನದಾಗಿರಲು ಸಾಧ್ಯವಿಲ್ಲ. ಬೆಲ್ಲದವರಿಗೆ, ಉಪ್ಪಿನವರಿಗೆ ಈ ಅಡ್ಡಿ ಇಲ್ಲ.

ಊರಿನ ಹೆಸರನ್ನು ಹೊತ್ತವರ ವಿಷಯದಲ್ಲಿ ಒಂದು ಎಚ್ಚರಿಕೆ ಅಗತ್ಯ. ಗೋಕಾಕದಲ್ಲೇ ಇರುವವರನ್ನು ಯಾರೂ ಗೋಕಾಕ ಎಂದು ಕರೆಯುವುದಿಲ್ಲ. ಅದು ಊರು ಬಿಟ್ಟು ಬಂದವರಿಗೆ ಹೊಸ ಊರಿನವರು ಇಟ್ಟ ಗುರುತು. ಕವಿ ವಿನಾಯಕ ಕೃಷ್ಣ ಗೋಕಾಕರು ಹುಟ್ಟಿದ್ದು ಸವಣೂರಿನಲ್ಲಿ. ಹಾಗಾಗಿ ಬಳ್ಳಾರಿ, ಗೋಕಾಕದಂಥ ಅಡ್ಡಹೆಸರು ಮನೆತನ ಈಗ ಎಲ್ಲಿದೆ ಎಂಬುದಕ್ಕಿಂತ ಎಲ್ಲಿಂದ ಹೊರಟಿತು ಎಂಬುದನ್ನು ಹೇಳುತ್ತದೆ. ಬೆಂಗಳೂರಿನ ಸಹೋದ್ಯೋಗಿಗಳ ನಗುವಿಗೆ ಉತ್ತರ ಬೇಕಿದ್ದರೆ, ಅವರ ಹೆಸರಿನ ಮುಂದಿರುವ ಇಂಗ್ಲಿಷ್ ಅಕ್ಷರದ ಅರ್ಥವೇನೆಂದು ಒಮ್ಮೆ ಕೇಳಿ ನೋಡಿ. ಅದರ ಕಥೆ ಮುಂದಿನ ಉತ್ತರದಲ್ಲಿದೆ.

ಪ್ರಶ್ನೆ (ಮೈಸೂರಿನವರು, ಈಗ ಅಮೆರಿಕದಲ್ಲಿ): ನನ್ನ ಪಾಸ್‌ಪೋರ್ಟಿನಲ್ಲಿ ಸರ್‌ನೇಮ್ ಜಾಗ ಖಾಲಿ ಇದೆ. ಇಲ್ಲಿನ ವೀಸಾದಲ್ಲಿ ನನ್ನ ಹೆಸರನ್ನೇ ಸರ್‌ನೇಮ್ ಮಾಡಿ, ಹೆಸರಿನ ಜಾಗದಲ್ಲಿ 'ಎಫ್‌ಎನ್‌ಯು' ಎಂದು ಹಾಕಿದ್ದಾರೆ. ನಮ್ಮ ಕಡೆಯವರಿಗೆ ಅಡ್ಡಹೆಸರು ಏಕಿಲ್ಲ?

ಉತ್ತರ: 'ಎಫ್‌ಎನ್‌ಯು' ಎಂದರೆ ಮೊದಲ ಹೆಸರು ತಿಳಿದಿಲ್ಲ ಎಂದರ್ಥ. ತಂದೆತಾಯಿ ತೊಟ್ಟಿಲಿಗೆ ಹಾಕಿ ಕರೆದ ಹೆಸರೊಂದೇ ಇರುವ ಮನುಷ್ಯನಿಗೆ, ಅದೊಂದು ಬಿಟ್ಟು ಬೇರೇನೂ ತಿಳಿದಿಲ್ಲ ಎನ್ನಬೇಕಾದ ಕಡೆ, ಅದೇ ತಿಳಿದಿಲ್ಲ ಎಂದು ಬರೆಯುವ ವ್ಯವಸ್ಥೆಯ ಬಗ್ಗೆ ಹೆಚ್ಚು ಹೇಳುವುದು ಬೇಡ.

ಮೈಸೂರು ಸಂಸ್ಥಾನದಲ್ಲಿ ಅಡ್ಡಹೆಸರಿನ ಕೆಲಸವನ್ನು ಮುಂದಿನ ಅಕ್ಷರಗಳೇ ಮಾಡುತ್ತಿದ್ದವು: ಮೊದಲು ಊರು, ಆಮೇಲೆ ತಂದೆ, ಕೊನೆಗೆ ತಾನು. ದೇವನಹಳ್ಳಿ ವೆಂಕಟರಮಣಯ್ಯ ಗುಂಡಪ್ಪನವರು ಡಿ.ವಿ.ಜಿ. ಆದದ್ದು, ಕುಪ್ಪಳಿ ವೆಂಕಟಪ್ಪ ಪುಟ್ಟಪ್ಪನವರು ಕುವೆಂಪು ಆದದ್ದು ಈ ಕ್ರಮದಿಂದ. ಧಾರವಾಡ, ಬೆಳಗಾವಿ, ವಿಜಯಪುರ ಮತ್ತು ಉತ್ತರ ಕನ್ನಡ 1956ರವರೆಗೆ ಮುಂಬಯಿ ಆಡಳಿತದಲ್ಲಿದ್ದುದರಿಂದ ಅಲ್ಲಿ ಮರಾಠಿ ಕ್ರಮ ನಡೆಯಿತು: ಮೊದಲು ತಾನು, ನಡುವೆ ತಂದೆ, ಕೊನೆಯಲ್ಲಿ ಮನೆತನ. ದತ್ತಾತ್ರೇಯ ರಾಮಚಂದ್ರ ಬೇಂದ್ರೆ ಎಂಬುದು ಆ ಕ್ರಮ. ಹೀಗಾಗಿ 'ಡಿ.ವಿ. ಗುಂಡಪ್ಪ' ಎಂಬಲ್ಲಿ ಬಿಡಿಸಿ ಬರೆದಿರುವುದು ಮನುಷ್ಯನ ಹೆಸರು, 'ದ.ರಾ. ಬೇಂದ್ರೆ' ಎಂಬಲ್ಲಿ ಬಿಡಿಸಿ ಬರೆದಿರುವುದು ಮನೆತನದ ಹೆಸರು. ಒಂದೇ ಭಾಷೆಯ ಇಬ್ಬರು ಹಿರಿಯರ ಹೆಸರುಗಳನ್ನು ತದ್ವಿರುದ್ಧ ದಿಕ್ಕಿನಿಂದ ಓದಬೇಕು. ಈ ಎರಡೂ ಕ್ರಮಗಳಲ್ಲಿ ತಾಯಿಗೆ ಜಾಗವಿಲ್ಲ ಎಂಬುದನ್ನು ಗಮನಿಸಿಯೋ ಏನೋ, ಬೇಂದ್ರೆಯವರು ಕಾವ್ಯನಾಮದಲ್ಲಿ ತಾಯಿ ಅಂಬಿಕೆಯನ್ನು ಮುಂದಿಟ್ಟು ಅಂಬಿಕಾತನಯದತ್ತ ಎಂದು ಬರೆದುಕೊಂಡರು.

ಮುಂದಿನ ಅಕ್ಷರದ ಊರು ಕೂಡ ಎಷ್ಟೋ ಸಲ ಬಿಟ್ಟುಬಂದ ಊರೇ. ಸರ್ ಎಂ. ವಿಶ್ವೇಶ್ವರಯ್ಯನವರು ಹುಟ್ಟಿದ್ದು ಮುದ್ದೇನಹಳ್ಳಿಯಲ್ಲಿ. ಅವರ 'ಎಂ' ಮುದ್ದೇನಹಳ್ಳಿಯದಲ್ಲ, ಪೂರ್ವಿಕರ ಊರಾದ ಆಂಧ್ರದ ಮೋಕ್ಷಗುಂಡಂನದು. ಇನ್ನು ಮಾಸ್ತಿ ವೆಂಕಟೇಶ ಅಯ್ಯಂಗಾರರ ಹೆಸರಿನಲ್ಲಿರುವ ಮಾಸ್ತಿ ಕೋಲಾರದ ಕಡೆಯ ಊರು, ಆ ಊರಿನ ಹೆಸರೇ 'ಮಹಾಸತಿ' ಎಂಬುದು ಸವೆದು ಆದದ್ದು.

ಪ್ರಾಯೋಗಿಕವಾಗಿ ಹೇಳುವುದಾದರೆ, ಪಾಸ್‌ಪೋರ್ಟನ್ನು ನವೀಕರಿಸುವಾಗ ತಂದೆಯ ಹೆಸರನ್ನೋ ಊರಿನ ಹೆಸರನ್ನೋ ಸರ್‌ನೇಮ್ ಜಾಗದಲ್ಲಿ ತುಂಬುವುದು ವಾಡಿಕೆ. ನಮ್ಮನ್ನು ಕೇಳಿದರೆ ಊರಿನ ಹೆಸರು ವಾಸಿ. ತಂದೆಯ ಹೆಸರನ್ನು ತುಂಬಿದರೆ ಅಲ್ಲಿಯ ಬ್ಯಾಂಕು, ಆಸ್ಪತ್ರೆಗಳಲ್ಲಿ ತಮ್ಮನ್ನು ಜೀವಮಾನವಿಡೀ ತಂದೆಯ ಹೆಸರಿನಿಂದಲೇ ಕೂಗುತ್ತಾರೆ, ತಮ್ಮ ಮಕ್ಕಳು ಅಜ್ಜನ ಹೆಸರನ್ನು ಮನೆತನವೆಂದು ಹೊರುತ್ತಾರೆ.

ಪ್ರಶ್ನೆ (ಶಿರಸಿ): ಹೆಗಡೆ, ಹೆಗ್ಡೆ, ಹೆಗ್ಗಡೆ ಎಂಬ ಮೂರೂ ಒಂದೇ ಹೆಸರೇ? ಒಂದೇ ಆದರೆ ಬೇರೆ ಬೇರೆ ಜಾತಿಯವರಲ್ಲಿ ಹೇಗಿದೆ? ಯಾರು ಯಾರಿಂದ ಪಡೆದರು?

ಉತ್ತರ: ಒಂದೇ ಹೆಸರು, ಆದರೆ ಯಾರೂ ಯಾರಿಂದಲೂ ಪಡೆದದ್ದಲ್ಲ. ಮುಖ್ಯಮಂತ್ರಿಯಾಗಿದ್ದ ರಾಮಕೃಷ್ಣ ಹೆಗಡೆಯವರು ಸಿದ್ದಾಪುರದ ಹವ್ಯಕರು, ಲೋಕಸಭೆಯ ಅಧ್ಯಕ್ಷರಾಗಿದ್ದ ಕೆ.ಎಸ್. ಹೆಗ್ಡೆಯವರು ಬಂಟರು, ಧರ್ಮಸ್ಥಳದ ಹೆಗ್ಗಡೆಯವರು ಜೈನರು. ಮೂವರನ್ನೂ ಸೇರಿಸುವುದು ರಕ್ತವಲ್ಲ, ಒಂದು ಹಳೆಯ ಹುದ್ದೆ.

ಹಳಗನ್ನಡದ ಶಾಸನಗಳಲ್ಲಿ ಈ ಪದ 'ಪೆರ್ಗಡೆ' ಎಂದಿದೆ. ಮೊದಲ ಭಾಗದ 'ಪೆರ್' ಎಂದರೆ ಹಿರಿದು. ಹೆಬ್ಬಾಗಿಲು, ಹೆದ್ದಾರಿ, ಹೆಮ್ಮರಗಳಲ್ಲಿರುವುದು ಅದೇ. ಪಾಲು ಹಾಲಾಗಿ, ಪೂ ಹೂವಾಗಿ, ಪುಲಿ ಹುಲಿಯಾಗಿ ಬದಲಾದ ಕಾಲದಲ್ಲಿ ಪೆರ್ಗಡೆ ಹೆಗ್ಗಡೆಯಾಯಿತು, ಆಡುಮಾತಿನಲ್ಲಿ ಇನ್ನಷ್ಟು ಸವೆದು ಹೆಗಡೆ, ಹೆಗ್ಡೆ ಎಂದಾಯಿತು. ಸುಂಕ ವಸೂಲಿಯ ಮೇಲಧಿಕಾರಿ ಸುಂಕದ ಪೆರ್ಗಡೆ, ಅರಮನೆಯ ಮೇಲ್ವಿಚಾರಕ ಮನೆವೆರ್ಗಡೆ. ಈ ಎರಡನೆಯ ಪದವನ್ನು ಹತ್ತಿರದಿಂದ ನೋಡಬೇಕು: 'ಮನೆ' ಮುಂದೆ ಬಂದು ಕೂತಾಗ ಪೆರ್ಗಡೆಯ ಪಕಾರ ವಕಾರವಾಗಿದೆ. ಬೆಟ್ಟದಾವರೆಯಲ್ಲಿ ತಾವರೆಯ ತಕಾರ ದಕಾರವಾಗುವಂತೆ, ಇದು ಶಾಲೆಯಲ್ಲಿ ನಾವೆಲ್ಲ ಉರುಹೊಡೆದ ಆದೇಶ ಸಂಧಿ. ಆ ಅಧಿಕಾರ ಯಾವ ಊರಿನಲ್ಲಿ ಯಾರ ಕೈಯಲ್ಲಿತ್ತೋ ಅವರ ಮಕ್ಕಳಿಗೆ ಹೆಸರು ಉಳಿಯಿತು. 'ಹೆಬ್ಬಾರ' ಎಂಬುದೂ ಇದೇ 'ಪೆರ್'ಗೆ 'ಪಾರ್ವ' ಸೇರಿ ಆದದ್ದು. ಪಾರ್ವ ಎಂದರೆ ಹಾರುವ, ಬ್ರಾಹ್ಮಣ. ಹೆಬ್ಬಾರ ಎಂದರೆ ಅವರಲ್ಲಿ ಹಿರಿಯ.

ಹುದ್ದೆ ಹೋಗಿ ಹೆಸರು ಉಳಿಯುವುದು ನಮ್ಮಲ್ಲಿ ಎಷ್ಟು ಸಾಮಾನ್ಯವೆಂದರೆ, ಅಡ್ಡಹೆಸರುಗಳನ್ನು ಜಾತಿಯ ಚೀಟಿಯಂತೆ ಓದುವವರು ನಿತ್ಯ ಎಡವುತ್ತಾರೆ. ಊರಿನ ಲೆಕ್ಕ ಬರೆಯುತ್ತಿದ್ದವನು ಶಾಸನಗಳಲ್ಲಿ ಸೇನಬೋವ. ಅವನೇ ಮುಂದೆ ಶಾನುಭೋಗ, ಕರಾವಳಿಯ ಕೊಂಕಣಿಗರಲ್ಲಿ ಶಾನಭಾಗ. ಅದೇ ಕೆಲಸದವನು ಉತ್ತರದಲ್ಲಿ ಕುಲಕರ್ಣಿ. ಊರ ಗ್ರಾಮಾಧಿಕಾರಗಳನ್ನು ಆಗಿನ ಮೈಸೂರು ರಾಜ್ಯ ಸರ್ಕಾರ 1961ರ ಕಾಯ್ದೆಯಿಂದ ರದ್ದು ಮಾಡಿತು. ಲೆಕ್ಕದ ಪುಸ್ತಕ ಹಿಡಿದ ಶಾನುಭೋಗನನ್ನು ಇಂದಿನ ಮಕ್ಕಳು ಕಂಡಿಲ್ಲ, ಆದರೆ ತರಗತಿಯ ಹಾಜರಿ ಪುಸ್ತಕದಲ್ಲಿ ಅವನು ಇದ್ದಾನೆ. ಶೆಟ್ಟಿ ಎಂಬುದು ಸಂಸ್ಕೃತದ ಶ್ರೇಷ್ಠಿ ಪ್ರಾಕೃತದಲ್ಲಿ ಸೆಟ್ಠಿಯಾಗಿ ನಮ್ಮಲ್ಲಿಗೆ ಬಂದದ್ದು, ಬಂಟರಲ್ಲೂ ಹಲವು ವ್ಯಾಪಾರಿ ಸಮುದಾಯಗಳಲ್ಲೂ ಇದೆ.

ಗೌಡ ಎಂಬ ಪದದ ಬಗ್ಗೆ ಎರಡು ಮಾತು ಹೆಚ್ಚು ಹೇಳಬೇಕೆನಿಸುತ್ತದೆ. ಶಾಸನಗಳಲ್ಲಿ ಇದು ಗಾಮುಂಡ, ಗಾವುಂಡ ಎಂದಿದೆ, ಊರಿನ ಮುಖ್ಯಸ್ಥ ಎಂಬ ಅರ್ಥದಲ್ಲಿ. ಒಂದು ನಾಡಿನ ಮೇಲೆ ಅಧಿಕಾರವಿದ್ದವನು ನಾಳ್ಗಾವುಂಡ. ರಾಷ್ಟ್ರಕೂಟರ ಕಾಲದಲ್ಲಿ, ಹತ್ತನೇ ಶತಮಾನದ ಆರಂಭದಲ್ಲಿ, ನಾಗರಖಂಡ ಎಪ್ಪತ್ತರ (ಎಪ್ಪತ್ತು ಊರುಗಳ ನಾಡಿನ) ನಾಳ್ಗಾವುಂಡನಾಗಿದ್ದ ಸತ್ತರಸ ನಾಗಾರ್ಜುನ ತೀರಿಕೊಂಡಾಗ ಆ ಅಧಿಕಾರವನ್ನು ಅವನ ಹೆಂಡತಿ ಜಕ್ಕಿಯಬ್ಬೆಗೆ ಕೊಟ್ಟರು ಎಂದು ಶಿಕಾರಿಪುರ ತಾಲ್ಲೂಕಿನ ಬಂದಳಿಕೆಯ ಶಾಸನ ಹೇಳುತ್ತದೆ. ಗೌಡಿಕೆ ಗಂಡಸರದ್ದು ಎಂದು ನಂಬಿಕೊಂಡವರು ಆ ಕಲ್ಲನ್ನು ಒಮ್ಮೆ ನೋಡಿ ಬರಬಹುದು.

ಪ್ರಶ್ನೆ (ಬೆಂಗಳೂರು): 'ಅಡಿಗ' ಎಂದರೆ ಅಡಿಗೆಯವರು ತಾನೆ?

ಉತ್ತರ: ಅಲ್ಲ. ಹೋಟೆಲುಗಳ ಫಲಕ ನೋಡಿ ಹೀಗೆ ಎಣಿಸುವವರು ಬಹಳ. ಇಲ್ಲಿರುವುದು ಪಾದ ಎಂಬ ಅರ್ಥದ 'ಅಡಿ'. ದೇವರ ಅಡಿಯನ್ನು ಸೇವಿಸುವ ಅರ್ಚಕ ಅಡಿಗ. ಕೊಲ್ಲೂರಿನ ಮೂಕಾಂಬಿಕೆಯ ಅರ್ಚಕರು ಅಡಿಗರು. ತಮಿಳಿನಲ್ಲಿ ಪೂಜ್ಯರನ್ನು 'ಅಡಿಗಳ್' ಎನ್ನುವುದೂ ಇದೇ ಬೇರಿನಿಂದ.

ಪ್ರಶ್ನೆ (ದಾವಣಗೆರೆ): ನನ್ನ ಅಜ್ಜನ ಹೆಸರು ತಿಪ್ಪಣ್ಣ. ಮಗಳ ಮದುವೆಯ ಕರೆಯೋಲೆಯಲ್ಲಿ ಅಜ್ಜನ ಹೆಸರು ಹಾಕಬೇಕೆಂದರೆ ಮನೆಯ ಹುಡುಗರು ಬೇಡ ಎನ್ನುತ್ತಿದ್ದಾರೆ. ತಿಪ್ಪೆಗೂ ಈ ಹೆಸರಿಗೂ ನಿಜವಾಗಿ ಸಂಬಂಧ ಇದೆಯೇ? ನಮ್ಮ ಪಕ್ಕದ ಮನೆಯಲ್ಲಿ ಫಕೀರಪ್ಪ ಎಂಬ ಹಿರಿಯರಿದ್ದಾರೆ, ಅವರು ಲಿಂಗಾಯತರು. ಇದು ಹೇಗೆ?

ಉತ್ತರ: ಸಂಬಂಧ ಇದೆ, ಅದನ್ನು ಮುಚ್ಚಿಡುವ ಅಗತ್ಯವೂ ಇಲ್ಲ. ಹಿಂದೆ ಸಾಲಾಗಿ ಎರಡು ಮೂರು ಕೂಸುಗಳು ತೀರಿಹೋದ ಮನೆಯಲ್ಲಿ ಮತ್ತೊಂದು ಮಗು ಹುಟ್ಟಿದಾಗ ಅದನ್ನು ಮೊರದಲ್ಲಿ ಹಾಕಿ ತಿಪ್ಪೆಯ ಮೇಲೆ ಇಟ್ಟು, ಅಥವಾ ಒಂದು ಉರುಳು ಉರುಳಿಸಿ, ಎತ್ತಿಕೊಂಡು ಬರುತ್ತಿದ್ದರು. ಇದು ನಮ್ಮದಲ್ಲ, ಎಸೆದ ಕೂಸು, ಯಾರಿಗೂ ಬೇಡವಾದದ್ದು ಎಂದು ಸಾವಿಗೆ ನಂಬಿಸುವ ಉಪಾಯ ಅದು. ಆಮೇಲೆ ಇಡುವ ಹೆಸರು ಆ ಸುಳ್ಳಿಗೆ ಸಾಕ್ಷಿ: ತಿಪ್ಪಣ್ಣ, ತಿಪ್ಪಮ್ಮ. ತೆಲುಗರ ಪೆಂಟಯ್ಯ, ತಮಿಳರ ಕುಪ್ಪುಸ್ವಾಮಿ ಇವನ ಅಣ್ಣತಮ್ಮಂದಿರೇ; ಪೆಂಟ, ಕುಪ್ಪೈ ಎರಡೂ ತಿಪ್ಪೆಯ ಹೆಸರುಗಳು. ಕಲ್ಲಪ್ಪ, ಗುಂಡಪ್ಪಗಳು ಕೂಸು ಕಲ್ಲಿನಂತೆ, ಗುಂಡಿನಂತೆ ಉಳಿಯಲಿ ಎಂಬ ಆಸೆಯನ್ನೂ ಹೊತ್ತಿರಬಹುದು, ಕಲ್ಲಿನ ರೂಪದ ಮನೆದೇವರನ್ನೂ ನೆನೆದಿರಬಹುದು. 'ಸಾಕಮ್ಮ' ಎಂಬ ಹೆಸರು ಇನ್ನೂ ಚತುರವಾದದ್ದು: ಹೆಣ್ಣು ಮಕ್ಕಳು ಇಷ್ಟಕ್ಕೆ ಸಾಕು ಎಂಬ ಬೇಸರವೂ ಅದರಲ್ಲಿ ಕೇಳುತ್ತದೆ, ಈ ಕೂಸನ್ನು ಹೇಗಾದರೂ ಸಾಕಿಕೊಳ್ಳುತ್ತೇನೆ ಎಂಬ ಮಾತೂ ಕೇಳುತ್ತದೆ. ಇಟ್ಟವರ ಮನಸ್ಸಿನಲ್ಲಿ ಯಾವುದಿತ್ತು ಎಂಬುದನ್ನು ಆಯಾ ಮನೆಯ ಅಜ್ಜಿಯರೇ ಹೇಳಬೇಕು.

ಆದರೆ ತಾವು ದಾವಣಗೆರೆಯವರಾದ್ದರಿಂದ ಇನ್ನೊಂದು ಸಾಧ್ಯತೆಯನ್ನೂ ಎಣಿಸಬೇಕು. ಚಳ್ಳಕೆರೆ ತಾಲ್ಲೂಕಿನ ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಗೆ ನಡೆದುಕೊಳ್ಳುವ ಒಕ್ಕಲುಗಳು ಆ ಸೀಮೆಯಲ್ಲೆಲ್ಲ ಇದ್ದಾರೆ. 'ಮಾಡಿದಷ್ಟು ನೀಡು ಭಿಕ್ಷೆ' ಎಂಬ ಆ ಸ್ವಾಮಿಗಳ ಮಾತು ಮನೆಮಾತಾಗಿದೆ. ಅವರಿಗೆ ಹರಕೆ ಹೊತ್ತು ಪಡೆದ ಮಕ್ಕಳಿಗೆ ತಿಪ್ಪೇಸ್ವಾಮಿ, ತಿಪ್ಪೇರುದ್ರಪ್ಪ, ತಿಪ್ಪಣ್ಣ ಎಂದು ಇಡುವುದು ರೂಢಿ. ತಮ್ಮ ಅಜ್ಜನಿಗಿಂತ ಮೊದಲು ಆ ಮನೆಯಲ್ಲಿ ಕೂಸುಗಳು ಹೋಗಿದ್ದವೇ, ಅಥವಾ ಮನೆಯವರು ಹಟ್ಟಿಯ ತೇರಿಗೆ ನಡೆದುಕೊಳ್ಳುತ್ತಿದ್ದರೇ ಎಂದು ಹಿರಿಯರನ್ನು ವಿಚಾರಿಸಿದರೆ ಉತ್ತರ ಸಿಗುತ್ತದೆ. ಯಾವುದೇ ಆದರೂ ಕರೆಯೋಲೆಯಲ್ಲಿ ಹೆಸರು ಇರಲಿ. ಮೊದಲನೆಯದಾದರೆ, ಆ ಕೂಸು ಉಳಿದದ್ದರಿಂದಲೇ ಇಂದು ಬೇಡ ಎನ್ನುವ ಹುಡುಗರು ಇದ್ದಾರೆ.

ಫಕೀರಪ್ಪನೂ ಹರಕೆಯ ಹೆಸರೇ. ಗದಗ ಜಿಲ್ಲೆಯ ಶಿರಹಟ್ಟಿಯ ಫಕೀರೇಶ್ವರ ಮಠಕ್ಕೆ ಹಿಂದೂ, ಮುಸ್ಲಿಂ ಎಂಬ ಭೇದವಿಲ್ಲದೆ ಜನ ನಡೆದುಕೊಳ್ಳುತ್ತಾರೆ. ಅಲ್ಲಿಯೋ, ಬೇರೆ ದರ್ಗಾದಲ್ಲಿಯೋ ಬೇಡಿಕೊಂಡು ಪಡೆದ ಮಗನಿಗೆ ಫಕೀರಪ್ಪ, ಹುಸೇನಪ್ಪ ಎಂದು ಇಡುವುದು ಉತ್ತರ ಕರ್ನಾಟಕದಲ್ಲಿ ಹಳೆಯ ವಾಡಿಕೆ. ಅರಬ್ಬೀ ಪದಕ್ಕೆ ಕನ್ನಡದ ಅಪ್ಪ ಸೇರಿಕೊಂಡು ಎಷ್ಟು ಸಹಜವಾಗಿ ನಿಂತಿದೆಯೆಂದರೆ, ಕೇಳುವವರಿಗೆ ಅದು ಬೇರೆ ಎಂದು ಹೊಳೆಯುವುದೇ ಇಲ್ಲ.

ಪ್ರಶ್ನೆ (ಮಡಿಕೇರಿಗೆ ವರ್ಗವಾಗಿ ಬಂದಿರುವ ಶಿಕ್ಷಕಿ): ಇಲ್ಲಿನ ಮಕ್ಕಳ ಹೆಸರುಗಳಲ್ಲಿ ಮನೆತನ ಮೊದಲು ಬರುತ್ತದೆ, ಹೆಚ್ಚಿನವು 'ಅಂಡ' ಎಂದು ಕೊನೆಯಾಗುತ್ತವೆ. ಏಕೆ?

ಉತ್ತರ: ಅದು ಒಕ್ಕದ ಹೆಸರು. ಕೊಡವರಲ್ಲಿ ಒಬ್ಬ ಮೂಲಪುರುಷನ ಗಂಡು ಸಂತತಿಯೆಲ್ಲ ಒಂದು ಒಕ್ಕ. ಕೊಡವ ಭಾಷೆಯಲ್ಲಿ 'ಅವನ' ಎಂಬುದಕ್ಕೆ 'ಅವಂಡ' ಎನ್ನುತ್ತಾರೆ. ಒಕ್ಕದ ಹೆಸರಿನ ಕೊನೆಯಲ್ಲಿರುವುದೂ ಇಂಥವನ ಮನೆಯವರು ಎನ್ನುವ ಆ ಪ್ರತ್ಯಯವೇ. ಹುಬ್ಬಳ್ಳಿಯ ಬೆಲ್ಲದವರಲ್ಲಿ 'ದ' ಮಾಡುವ ಕೆಲಸವನ್ನು ಇಲ್ಲಿ 'ಡ' ಮಾಡುತ್ತದೆ, ಅಷ್ಟೇ. ಅಲ್ಲಿ ಸರಕು, ಇಲ್ಲಿ ಹಿರಿಯ. ಫೀಲ್ಡ್ ಮಾರ್ಷಲ್ ಕಾರ್ಯಪ್ಪ ಮತ್ತು ಜನರಲ್ ತಿಮ್ಮಯ್ಯ ಇಬ್ಬರೂ ಕೊಡಂದೇರ ಒಕ್ಕದವರು ಎಂಬುದು ಅವರ ಹೆಸರಿನ ಮೊದಲ ಅಕ್ಷರದಲ್ಲೇ ಇದೆ, ಇಂಗ್ಲಿಷಿನ 'ಕೆ'ಯೊಳಗೆ ಅಡಗಿಹೋಗಿ ಹೊರಗಿನವರಿಗೆ ಕಾಣುವುದಿಲ್ಲ. ಈ ಹೆಸರುಗಳನ್ನು ಒಟ್ಟಿಗೆ ನೋಡಬೇಕೆಂದಿದ್ದರೆ ಕೊಡವ ಹಾಕಿ ಉತ್ಸವಕ್ಕೆ ಹೋಗಿ ಬನ್ನಿ. 1997ರಲ್ಲಿ ಕರಡದಲ್ಲಿ ಪಾಂಡಂಡ ಒಕ್ಕದವರು ಆರಂಭಿಸಿದ ಈ ಪಂದ್ಯಾವಳಿಯಲ್ಲಿ ತಂಡಗಳೆಲ್ಲ ಒಕ್ಕದ ಹೆಸರಿನಲ್ಲೇ ಆಡುತ್ತವೆ, ನಡೆಸುವ ಒಕ್ಕದ ಹೆಸರೇ ಆ ವರ್ಷದ ಕಪ್ಪಿನ ಹೆಸರು.

ಪ್ರಶ್ನೆ (ಪುತ್ತೂರು): ಹುಟ್ಟಿದ ಮಗಳಿಗೆ ಅಚ್ಚಗನ್ನಡದ ಹೆಸರು ಇಡಬೇಕೆಂಬ ಆಸೆ. 'ಸಿರಿ' ಎಂದು ಯೋಚಿಸಿದ್ದೇವೆ. ಸಂಸ್ಕೃತದ ಸೋಂಕಿಲ್ಲದ ಹೆಸರು ಎಂದು ಖಚಿತವಾಗಿ ಹೇಳಬಹುದೇ?

ಉತ್ತರ: ಹಾಗೆ ಹೇಳಲು ಬರುವುದಿಲ್ಲ. ಸಿರಿ ಎಂಬುದು 'ಶ್ರೀ'ಯ ತದ್ಭವ. ಕವಿ ರನ್ನನ ಹೆಸರು ರತ್ನದಿಂದ, ಬಸವ ಎಂಬುದು ವೃಷಭದಿಂದ, ಜಕ್ಕಿಯಬ್ಬೆಯ ಜಕ್ಕಿ ಯಕ್ಷಿಯಿಂದ. ಆದರೆ ಇವುಗಳಿಗಿಂತ ಕನ್ನಡದ ಹೆಸರುಗಳು ಎಲ್ಲಿವೆ ಎಂದು ಕೇಳಿದರೆ ನಾವು ಉತ್ತರಿಸಲಾರೆವು. ಸಾವಿರ ವರ್ಷ ಕನ್ನಡದ ಬಾಯಲ್ಲಿ ಹೊರಳಿ ನುಣುಪಾದ ಪದವನ್ನು ಮೂಲದ ನೆಪದಲ್ಲಿ ಹೊರಗಿಡುವುದು ನಮಗೆ ಸರಿಕಾಣದು. ತುಳುನಾಡಿನವರಿಗಂತೂ ಸಿರಿ ಎಂದರೆ ಪಾಡ್ದನಗಳಲ್ಲಿ ಹಾಡಿಸಿಕೊಳ್ಳುವ ಧೀರೆ, ಜಾತ್ರೆಗಳಲ್ಲಿ ಮೈಮೇಲೆ ಬರುವ ಶಕ್ತಿ.

ಆದರೂ ಬೇರು ಕೂಡ ಇಲ್ಲಿಯದೇ ಇರಬೇಕೆಂದಿದ್ದರೆ ಹೊನ್ನಿ, ಹೊನ್ನಮ್ಮಗಳಿವೆ. ಕವಿ ಪೊನ್ನನ ಹೆಸರಿನಲ್ಲಿರುವುದೂ ಅದೇ ಚಿನ್ನ. ಚಿಕ್ಕದೇವರಾಯರ ಅರಮನೆಯ ಸಂಚಿಯ ಹೊನ್ನಮ್ಮ ಕವಯಿತ್ರಿಯಾಗಿ ಹೆಸರಾದವಳು. ಚೆನ್ನ, ಚೆನ್ನಮ್ಮಗಳಲ್ಲಿ ಚೆಲುವು ಇದೆ, ಜೊತೆಗೆ ಕೆಳದಿ, ಕಿತ್ತೂರುಗಳ ಇಬ್ಬರು ರಾಣಿಯರೂ ಇದ್ದಾರೆ. ಇನ್ನೂ ಹಿಂದೆ ಹೋದರೆ ಅಬ್ಬೆಯರ ಕಾಲ: ಸಾವಿರ ಪ್ರತಿ ಮಾಡಿಸಿ ಕಾವ್ಯವನ್ನು ಉಳಿಸಿದ ಅತ್ತಿಮಬ್ಬೆ, ಪಂಪನ ತಾಯಿ ಅಬ್ಬಣಬ್ಬೆ. ಅಬ್ಬೆ ಎಂದರೆ ತಾಯಿ. ಊರಿನಲ್ಲಿ ಅದು ಅವ್ವ, ಅಮ್ಮಗಳಿಗೆ ಜಾಗ ಬಿಟ್ಟುಕೊಟ್ಟು ಹೋಯಿತು. ತಮ್ಮ ಪುತ್ತೂರಿನ ಸುತ್ತಲಿನ ಹವ್ಯಕರ ಮನೆಗಳಲ್ಲಿ ಮಾತ್ರ ಹಸಿದು ಬಂದ ಮಕ್ಕಳು ಈಗಲೂ 'ಅಬ್ಬೇ' ಎಂದೇ ಕೂಗುತ್ತವೆ.